ಬೊಂಬೆಗೆ ತೂಕ ಕೊಡುವ ಸದ್ದು

ಜೆಕ್ ನಿರ್ದೇಶಕ ಯಾನ್ ಶ್ವಾಂಕ್‌ಮೈಯರ್ 1988ರಲ್ಲಿ ಲೂಯಿಸ್ ಕ್ಯಾರಲ್‌ನ ಆಲಿಸ್ ಕಥೆಯನ್ನು ಸಿನಿಮಾ ಮಾಡಿದರು. ಆಗಿನ ಚೆಕೊಸ್ಲೊವಾಕಿಯಾದಲ್ಲಿ ಸಿನಿಮಾ ಉದ್ಯಮ ಸರ್ಕಾರದ ಕೈಯಲ್ಲಿತ್ತು. ಈ ಚಿತ್ರಕ್ಕೆ ಸ್ವಿಟ್ಜರ್ಲೆಂಡ್, ಬ್ರಿಟನ್, ಪಶ್ಚಿಮ ಜರ್ಮನಿಗಳಿಂದ ದುಡ್ಡು ಬಂತು. ಇದರಲ್ಲಿ ಹಿನ್ನೆಲೆ ಸಂಗೀತವೇ ಇಲ್ಲ. ಆದರೂ ಕಿವಿಗೆ ಒಂದು ಕ್ಷಣ ಬಿಡುವಿಲ್ಲ.

ಬಿಳಿ ಮೊಲವನ್ನೇ ನೋಡಿ. ಸತ್ತ ಮೊಲದ ಚರ್ಮದೊಳಗೆ ಮರದ ಹೊಟ್ಟು ತುಂಬಿ ಗಾಜಿನ ಪೆಟ್ಟಿಗೆಯಲ್ಲಿ ಇಟ್ಟಿದ್ದಾರೆ. ಅದಕ್ಕೆ ಜೀವ ಬರುತ್ತದೆ. ಎದೆಯ ಸೀಳಿಗೆ ಕೈಹಾಕಿ ಗಡಿಯಾರ ತೆಗೆದು, ಅಂಟಿದ ಹೊಟ್ಟನ್ನು ನೆಕ್ಕುತ್ತದೆ. ಹಲ್ಲು ಕಟಕಟ ಅನ್ನುತ್ತದೆ, ಕತ್ತರಿ ಚಕ್ ಚಕ್ ಅನ್ನುತ್ತದೆ. ನೋಡುವವರ ಮೈ ಜುಮ್ಮೆನ್ನುತ್ತದೆ.

ಈ ಸದ್ದು ಯಾವುದೂ ಚಿತ್ರೀಕರಣದಲ್ಲಿ ಸಿಕ್ಕಿದ್ದಲ್ಲ. ಬೊಂಬೆಯನ್ನು ಕೂದಲೆಳೆಯಷ್ಟು ಸರಿಸಿ ಒಂದು ಫ್ರೇಮ್, ಅಂದರೆ ಒಂದು ಸ್ಥಿರಚಿತ್ರ ತೆಗೆಯುತ್ತಾರೆ, ಮತ್ತೆ ಸರಿಸಿ ಇನ್ನೊಂದು. ಪರದೆ ಮೇಲೆ ಸೆಕೆಂಡಿಗೆ 24 ಫ್ರೇಮ್ ಓಡಬೇಕು. ಹಾಗಾಗಿ ಸದ್ದನ್ನೆಲ್ಲ ಆಮೇಲೆ ಬೇರೆಯಾಗಿ ಮಾಡಿ ಕೂರಿಸಬೇಕು. ಹಲ್ಲು ಕೂಡುವ ಹೊತ್ತಿಗೇ ‘ಟಕ್’ ಕೇಳಿದರೆ ಸಾಕು, ಎರಡೂ ಒಂದೇ ಘಟನೆ ಅಂತ ಮೆದುಳು ನಂಬಿಬಿಡುತ್ತದೆ. ಆ ಟಕ್ ಎಲ್ಲಿಂದ ಬಂತು ಅಂತ ಅದು ಕೇಳುವುದಿಲ್ಲ.

ಈ ನಂಬಿಕೆಗೂ ಒಂದು ಮಿತಿ ಇದೆ. ಸದ್ದು ಚಿತ್ರಕ್ಕಿಂತ ಸುಮಾರು 45 ಮಿಲಿಸೆಕೆಂಡ್ ಮುಂಚೆ ಬಂದರೇ ನಮಗೆ ಗೊತ್ತಾಗುತ್ತದೆ. ತಡವಾಗಿ ಬಂದರೆ ಸುಮಾರು 125ರವರೆಗೂ ಗೊತ್ತಾಗುವುದಿಲ್ಲ. ಇದಕ್ಕೆ ಕಾರಣ ನಮ್ಮ ರೂಢಿ ಇರಬೇಕು. ಹೊಳೆಯ ಆಚೆ ದಡದಲ್ಲಿ ಬಟ್ಟೆ ಒಗೆಯುವಾಗ ಏಟು ಮೊದಲು ಕಾಣುತ್ತದೆ, ಸದ್ದು ಆಮೇಲೆ ಬರುತ್ತದೆ, ಅಲ್ವಾ? ಗಾಳಿಯಲ್ಲಿ ಶಬ್ದ ಸೆಕೆಂಡಿಗೆ ಸುಮಾರು 340 ಮೀಟರ್ ಅಷ್ಟೇ ಹೋಗುವುದು.

ಇನ್ನೊಂದು ಉಪಾಯ ಮೈಕ್‌ನದ್ದು. ದೂರದ ಸದ್ದು ಗೋಡೆಗೆ ಬಡಿದು ಬರುವ ಪ್ರತಿಧ್ವನಿಯ ಜೊತೆ ಬೆರೆತು ಕೇಳುತ್ತದೆ. ತೀರಾ ಹತ್ತಿರದ್ದು ನೇರವಾಗಿ, ಒಣಗಿದಂತೆ ಕೇಳುತ್ತದೆ. ದೂರ ಅಳೆಯಲು ಕಿವಿ ಈ ವ್ಯತ್ಯಾಸವನ್ನೇ ಬಳಸುತ್ತದೆ. ಮೈಕನ್ನು ವಸ್ತುವಿಗೆ ತಾಗುವಷ್ಟು ಹತ್ತಿರ ಹಿಡಿದರೆ ಹೊಟ್ಟು ಉದುರುವ ಸರಸರವೂ ನಮ್ಮ ಕಿವಿಯ ಪಕ್ಕಕ್ಕೇ ಬರುತ್ತದೆ. ಸುಮ್ನೆ ಕೂತು ನೋಡಲು ಆಗದಿರುವುದು ಇದರಿಂದಲೇ.

ಈ ದಾರಿಯನ್ನು ಮೊದಲೇ ಹದ ಮಾಡಿಟ್ಟವರಲ್ಲಿ ನನಗೆ ದೊಡ್ಡವರಾಗಿ ಕಾಣುವುದು 1983ರಲ್ಲಿ ತೀರಿಕೊಂಡ ಸಂಯೋಜಕ ಝ್ದೆನ್ಯೆಕ್ ಲಿಷ್ಕಾ. ಶ್ವಾಂಕ್‌ಮೈಯರ್‌ರ ಹಲವು ಕಿರುಚಿತ್ರಗಳಿಗೆ ಅವರದೇ ಸಂಗೀತ. 1963ರ ಬಾಹ್ಯಾಕಾಶ ಚಿತ್ರ ‘ಇಕಾರಿಯೆ ಎಕ್ಸ್‌ಬಿ 1’ರಲ್ಲಿ ಅವರು ವಾದ್ಯಗಳ ಜೊತೆ ಎಲೆಕ್ಟ್ರಾನಿಕ್ ಸದ್ದನ್ನೂ ಬೆರೆಸಿದ್ದರು. ಅದು ಟೇಪ್ ಕಾಲ. ಸ್ಟುಡಿಯೊ ಟೇಪ್ ಸೆಕೆಂಡಿಗೆ 38 ಸೆಂ.ಮೀ. ಓಡಿದರೆ ಒಂದು ಫ್ರೇಮಿಗೆ ಸುಮಾರು 1.6 ಸೆಂ.ಮೀ. ಬರುತ್ತದೆ. ಅಂದರೆ ಹೊತ್ತನ್ನು ಸ್ಕೇಲ್ ಇಟ್ಟು ಅಳೆದು ಬ್ಲೇಡಿನಲ್ಲಿ ಕತ್ತರಿಸಬಹುದಿತ್ತು! ಅದೇ ಟೇಪನ್ನು ಅರ್ಧ ವೇಗದಲ್ಲಿ ಓಡಿಸಿದರೆ ಸ್ವರ ಒಂದು ಸ್ಥಾಯಿ ಕೆಳಗಿಳಿದು, ಸದ್ದು ಎರಡರಷ್ಟು ಉದ್ದವಾಗುತ್ತದೆ.

ಆಲಿಸ್ ಚಿತ್ರದಲ್ಲಿ ಎಲ್ಲ ಪಾತ್ರಗಳ ಮಾತನ್ನೂ ಆ ಹುಡುಗಿಯೇ ಆಡುತ್ತಾಳೆ. ಪ್ರತಿ ಸಲವೂ ಪರದೆ ತುಂಬ ಅವಳ ತುಟಿಗಳು ಕಾಣುತ್ತವೆ. ಇಂಗ್ಲಿಷ್ ಡಬ್ಬಿಂಗ್‌ನಲ್ಲಿ ತುಟಿ ಒಂದು ದಾರಿ, ಮಾತು ಒಂದು ದಾರಿ. ಸಿಕ್ಕರೆ ಜೆಕ್ ಭಾಷೆಯದ್ದನ್ನೇ ನೋಡಿ, ಆದಷ್ಟು ಹೆಡ್‌ಫೋನ್ ಹಾಕಿಕೊಂಡು.