ತಿದ್ದಿಕೊಳ್ಳದ ದನಿ: ತೆತ್ಸುಕೊ ಕುರೊಯನಗಿ ನಡೆದು ಬಂದ ದಾರಿ

ನಮ್ಮಲ್ಲಿ ಜಪಾನಿನ ನಟಿ, ಲೇಖಕಿ ತೆತ್ಸುಕೊ ಕುರೊಯನಗಿ ಎಂದರೆ ತೊತ್ತೋಚಾನ್, ಅಂದರೆ ಅವರ ಬಾಲ್ಯದ ನೆನಪುಗಳ ಪುಸ್ತಕ. ಕನ್ನಡಕ್ಕೂ ಬಂದ ಆ ಪುಸ್ತಕ ಓದಿದವರು ರೈಲು ಡಬ್ಬಿಗಳ ಶಾಲೆಯನ್ನು ಮರೆಯುವುದಿಲ್ಲ. ಆದರೆ ಅದು ಪ್ರಕಟವಾದ 1981ರ ಹೊತ್ತಿಗೆ ಅವರು ರೇಡಿಯೊ, ಟಿವಿಯಲ್ಲಿ ಮೂರು ದಶಕದ ಹತ್ತಿರ ದುಡಿದಾಗಿತ್ತು. ಜಪಾನಿನ ಮನೆಮನೆಯನ್ನು ಅವರು ಮೊದಲು ಹೊಕ್ಕಿದ್ದು ದನಿಯಾಗಿ.

ಕುರೊಯನಗಿ ಹುಟ್ಟಿದ್ದು 1933ರಲ್ಲಿ, ಟೋಕಿಯೊದಲ್ಲಿ. ತಂದೆ ಪಿಟೀಲು ವಾದಕರು. ಮಗಳು ಕಲಿತದ್ದು ಗಾಯನ. 1953ರ ಫೆಬ್ರುವರಿಯಲ್ಲಿ ಸಾರ್ವಜನಿಕ ಪ್ರಸಾರ ಸಂಸ್ಥೆ ಎನ್‌ಎಚ್‌ಕೆ ಟಿವಿ ಪ್ರಸಾರ ಶುರು ಮಾಡಿ, ಅದಕ್ಕೆಂದೇ ನಟರನ್ನು ಹುಡುಕುತ್ತಿತ್ತು. ಅರ್ಜಿ ಹಾಕಿದವರು ಸುಮಾರು 6,000. ಕೊನೆಗೆ ಉಳಿದವರು 13. ಕುರೊಯನಗಿ ಅರ್ಜಿ ಹಾಕಿದ್ದು ತಾರೆಯಾಗಲೆಂದಲ್ಲ. ಮುಂದೆ ತಾಯಿಯಾದಾಗ ಮಕ್ಕಳಿಗೆ ಚಿತ್ರಪುಸ್ತಕವನ್ನು ಚೆನ್ನಾಗಿ ಓದಿ ಹೇಳುವುದನ್ನು ಕಲಿಯಬೇಕು ಎಂಬುದಷ್ಟೇ ಅವರ ಆಸೆ.

ಶುರುವಿನಲ್ಲಿ ಅವರಿಗೆ ಸಿಕ್ಕಿದ್ದು ಬರೀ ಬೈಗುಳ. ಗುಂಪಿನಲ್ಲಿ ಗುಜುಗುಜು ಎನ್ನಬೇಕಾದ ಸಣ್ಣ ಪಾತ್ರದಲ್ಲೂ ಅವರ ದನಿಯೊಂದೇ ಎದ್ದು ಕೇಳುತ್ತಿತ್ತು. ಮಾತು ವಿಚಿತ್ರ, ತೀರಾ ವೇಗ, ತಿದ್ದಿಕೋ ಎಂದು ಹೇಳಿ ಮನೆಗೆ ಕಳಿಸಿದ್ದೂ ಉಂಟು. ಒಂದನೇ ತರಗತಿಯಲ್ಲೇ ಶಾಲೆಯಿಂದ ಹೊರಬಿದ್ದ ಹುಡುಗಿಗೆ ಅದು ಎಷ್ಟು ನೋಯಿಸಿರಬೇಕು!

ಈ ಕಥೆ ಹೊರಳಿದ್ದು 1954ರಲ್ಲಿ. ನಾಟಕಕಾರ ತದಾಸು ಈಜಾವ ಅವರು ಮಕ್ಕಳಿಗಾಗಿ ‘ಯಾನ್ಬೊ ನಿನ್ಬೊ ತೊನ್ಬೊ’ ಎಂಬ ರೇಡಿಯೊ ನಾಟಕ ಬರೆದಿದ್ದರು. ಭಾರತದ ರಾಜ ಚೀನಾದ ದೊರೆಗೆ ಉಡುಗೊರೆಯಾಗಿ ಕೊಟ್ಟ ಮೂರು ಬಿಳಿ ಕೋತಿಮರಿಗಳು ಅಪ್ಪ-ಅಮ್ಮನನ್ನು ಹುಡುಕಿಕೊಂಡು ಭಾರತಕ್ಕೆ ಮರಳುವ ಕಥೆ ಅದು. ಕಿರಿಯ ಕೋತಿ ತೊನ್ಬೊಗೆ ಕುರೊಯನಗಿ ಆಯ್ಕೆಯಾದರು. ಮಾತಿನ ರೀತಿ ಬದಲಿಸಿಕೊಳ್ಳುತ್ತೇನೆ ಎಂದು ಅವರು ಹೇಳಿದಾಗ ಈಜಾವ ತಡೆದರು. ಅವರಿಗೆ ಬೇಕಿದ್ದುದೇ ಆ ಮಾತು, ಆ ದನಿ. ನನ್ನ ಮಟ್ಟಿಗೆ ಕುರೊಯನಗಿಯವರ ಇಡೀ ವೃತ್ತಿಜೀವನ ನಿಂತಿರುವುದು ಆ ಒಂದು ತಡೆಯ ಮೇಲೆ.

ಮೂರೂ ಗಂಡುಮರಿಗಳಿಗೆ ದನಿ ಕೊಟ್ಟವರು ಬೆಳೆದ ಹೆಂಗಸರು. ಜಪಾನಿನಲ್ಲಿ ಇಂದು ಇದು ಮಾಮೂಲು. ಪುಟ್ಟ ಮಕ್ಕಳನ್ನು ಹೊತ್ತಲ್ಲದ ಹೊತ್ತಿನಲ್ಲಿ ದುಡಿಸಲು ಕಾನೂನು ಬಿಡುವುದಿಲ್ಲ. ನಿಜವಾದ ಹುಡುಗನ ದನಿಯಾದರೆ ಕೆಲವೇ ವರ್ಷಕ್ಕೆ ಒಡೆಯುತ್ತದೆ. 1960ರಲ್ಲಿ ಶುರುವಾದ ‘ಬೂ ಫೂ ವೂ’ ಕಾರ್ಯಕ್ರಮದ ಮೂರು ಹಂದಿಮರಿಗಳೂ ಇದೇ ದಾರಿ ಹಿಡಿದವು. ಅದರಲ್ಲಿ ವೂ ಹಂದಿಮರಿಯ ದನಿ ಕುರೊಯನಗಿಯವರದು. ಬೂನ ದನಿ ನೊಬುಯೊ ಒಯಾಮಾ ಅವರದು. ಇದೇ ಒಯಾಮಾ 1979ರಿಂದ 2005ರವರೆಗೆ ಡೋರೇಮಾನ್‌ಗೆ ದನಿಯಾದರು.

1966ರಲ್ಲಿ ಬ್ರಿಟನ್ನಿನ ಬೊಂಬೆ ಸರಣಿ ‘ಥಂಡರ್‌ಬರ್ಡ್ಸ್’ ಜಪಾನಿಗೆ ಬಂದಾಗ ಅದರ ಲೇಡಿ ಪೆನೆಲೊಪಿ ಪಾತ್ರಕ್ಕೆ ಜಪಾನಿ ದನಿ ಕುರೊಯನಗಿಯವರದೇ. ಮುಂದೆ 2016ರ ಟಿವಿ ನಾಟಕದಲ್ಲಿ ಕುರೊಯನಗಿಯವರ ಪಾತ್ರ ಮಾಡಿದ ಹಿಕಾರಿ ಮಿತ್ಸುಶಿಮಾ, ಇತ್ತೀಚಿನ ಹೊಸ ಕಂತುಗಳಲ್ಲಿ ಪೆನೆಲೊಪಿಗೂ ದನಿ ಕೊಟ್ಟರು.

1971ರಲ್ಲಿ ಕುರೊಯನಗಿ ಎಲ್ಲ ಬಿಟ್ಟು ಒಂದು ವರ್ಷ ನಟನೆ ಕಲಿಯಲು ನ್ಯೂಯಾರ್ಕಿಗೆ ಹೋದರು. 1976ರ ಫೆಬ್ರುವರಿ 2ರಂದು ಅವರ ‘ತೆತ್ಸುಕೊನ ಕೋಣೆ’ ಎಂಬ ಟಿವಿ ಸಂದರ್ಶನ ಕಾರ್ಯಕ್ರಮ ಶುರುವಾಯಿತು. ಮಾತನ್ನು ಕತ್ತರಿಸಿ ಜೋಡಿಸಬಾರದು ಎಂಬುದು ಅವರ ಹಟ. 2015ರಲ್ಲಿ ಅದು 10,000 ಕಂತು ಮುಟ್ಟಿತು. ಬಾಲ್ಯದಲ್ಲಿ ಆ ರೈಲು ಡಬ್ಬಿಗಳ ತೊಮೊಎ ಶಾಲೆಗೆ ಸೇರಿದ ದಿನ ಮುಖ್ಯೋಪಾಧ್ಯಾಯ ಕೊಬಾಯಾಶಿ ಈ ಹುಡುಗಿಯ ಮಾತನ್ನು ಸುಮಾರು ನಾಲ್ಕು ತಾಸು ಆಕಳಿಸದೆ ಕೇಳಿದ್ದರು. ಎದುರಿಗಿದ್ದವರ ಮಾತನ್ನು ಪೂರ್ತಿ ಕೇಳುವ ಪಾಠ ಅಲ್ಲಿಂದಲೇ ಬಂದಿರಬೇಕು ಎಂದು ನನಗನಿಸುತ್ತದೆ.

ಪುಸ್ತಕದ ದುಡ್ಡಿನಿಂದ ಕಟ್ಟಿದ ಪ್ರತಿಷ್ಠಾನ ಕಿವುಡ ನಟರನ್ನು ತಯಾರು ಮಾಡುತ್ತದೆ. ದನಿಯಿಂದ ಬದುಕಿದವರು ಕೈಸನ್ನೆಯ ರಂಗಭೂಮಿಗೆ ಹಣ ತೊಡಗಿಸಿದರು ಎಂಬುದು ನನಗೆ ತುಂಬ ದೊಡ್ಡದಾಗಿ ಕಾಣುತ್ತದೆ. 1984ರಿಂದ ಅವರು ಯುನಿಸೆಫ್ ರಾಯಭಾರಿಯೂ ಹೌದು.

2023ರ ಡಿಸೆಂಬರಿನಲ್ಲಿ ತೊತ್ತೋಚಾನ್ ಅನಿಮೇಷನ್ ಚಿತ್ರವಾಗಿ ತೆರೆಗೆ ಬಂತು. ನಿರ್ದೇಶಕ ಶಿನ್ನೊಸುಕೆ ಯಾಕುವಾ ಹಿಂದೆ ಡೋರೇಮಾನ್ ಚಿತ್ರಗಳನ್ನು ಮಾಡಿದವರು. ಪುಟ್ಟ ತೊತ್ತೋಗೆ ಈ ಸಲ ದನಿ ಕೊಟ್ಟಿದ್ದು ಬೆಳೆದ ಹೆಂಗಸಲ್ಲ, ಏಳು ವರ್ಷದ ಹುಡುಗಿ. ಕಥೆ ಹೇಳುವ ದನಿ ಮಾತ್ರ ತೊಂಬತ್ತರ ಕುರೊಯನಗಿಯವರದು.