ಟಿಜೆಎಸ್ ಜಾರ್ಜ್: ಅಂಕಣಕ್ಕೂ ಮುಂಚಿನ ಕಥೆ

ಬೆಂಗಳೂರಲ್ಲಿ ಇಂಗ್ಲಿಷ್ ಪೇಪರ್ ಓದುವವರಿಗೆ ಟಿಜೆಎಸ್ ಜಾರ್ಜ್ ಅಂದರೆ ವಾರದ ಅಂಕಣ. ದಿ ನ್ಯೂ ಇಂಡಿಯನ್ ಎಕ್ಸ್‌ಪ್ರೆಸ್‌ನಲ್ಲಿ 25 ವರ್ಷ ಬರೆದು 2022ರಲ್ಲಿ ನಿಲ್ಲಿಸಿದರು. 2025ರ ಅಕ್ಟೋಬರ್‌ನಲ್ಲಿ, 97ನೇ ವಯಸ್ಸಿನಲ್ಲಿ, ಇದೇ ಊರಲ್ಲಿ ತೀರಿಕೊಂಡರು. ಆದರೆ ಇಲ್ಲಿಗೆ ಬಂದು ನೆಲೆಸುವ ಮೊದಲು ಅವರು ಹಾಂಗ್‌ಕಾಂಗ್‌ನಲ್ಲಿ ಕೂತು ಇಡೀ ಏಷ್ಯಾದ ಸುದ್ದಿ ಬರೆಯುತ್ತಿದ್ದರು ಅನ್ನೋದು ಎಷ್ಟು ಜನಕ್ಕೆ ಗೊತ್ತು?

ಕೇರಳದ ಹುಡುಗ. 1950ರಲ್ಲಿ ಮುಂಬೈನ ಫ್ರೀ ಪ್ರೆಸ್ ಜರ್ನಲ್ ಸೇರಿದರು. ಆ ಪತ್ರಿಕೆಯ ಒಡೆಯ ಎಸ್. ಸದಾನಂದ್ ಒಬ್ಬ ವಿಚಿತ್ರ ಹಟಗಾರ. ಬ್ರಿಟಿಷರ ಕಾಲದಲ್ಲಿ ಹೊರಗಿನ ಸುದ್ದಿಯೆಲ್ಲ ಲಂಡನ್ನಿನ ಸುದ್ದಿ ಸಂಸ್ಥೆ ರಾಯಿಟರ್ಸ್ ಕೈ ದಾಟಿಯೇ ಬರಬೇಕಿತ್ತು, ಲಂಡನ್ನಿಗೆ ಯಾವುದು ದೊಡ್ಡದೋ ನಮಗೂ ಅದೇ ದೊಡ್ಡದು, ಅದನ್ನು ಮುರಿಯಬೇಕು ಅಂತ ಈತ 1920ರ ದಶಕದಲ್ಲೇ ಸ್ವಂತ ಸುದ್ದಿ ಸಂಸ್ಥೆ ಕಟ್ಟಿ ಕೈ ಸುಟ್ಟುಕೊಂಡಿದ್ದರು. ನಮ್ಮ ಉಡುಪಿಯ ಎಂ.ವಿ. ಕಾಮತ್ ಪಳಗಿದ್ದೂ ಅದೇ ಪತ್ರಿಕೆಯಲ್ಲಿ. ಅವರೂ ಮುಂದೆ ವಿದೇಶ ವರದಿಗಾರರಾದರು. ಇದು ಬರೀ ಕಾಕತಾಳೀಯ ಅಂತ ನನಗಂತೂ ಅನ್ನಿಸಲ್ಲ.

ನಡುವೆ ಪಟ್ನಾ. ಅಲ್ಲಿ ಸರ್ಚ್‌ಲೈಟ್ ಪತ್ರಿಕೆಯ ಸಂಪಾದಕರಾಗಿದ್ದಾಗ, 1965ರಲ್ಲಿ, ಮುಖ್ಯಮಂತ್ರಿ ಕೆ.ಬಿ. ಸಹಾಯ್ ಸರ್ಕಾರ ಜಾರ್ಜ್ ಅವರನ್ನು ಜೈಲಿಗೆ ಹಾಕಿತು. ಸ್ವತಂತ್ರ ಭಾರತದಲ್ಲಿ ರಾಜದ್ರೋಹದ ಆರೋಪ ಹೊತ್ತ ಮೊದಲ ಸಂಪಾದಕ ಅಂತಲೇ ಅವರನ್ನು ಕರೆಯುತ್ತಾರೆ. ವಾದಿಸಲು ಪಟ್ನಾಕ್ಕೆ ಬಂದವರು ಮಾಜಿ ರಕ್ಷಣಾ ಸಚಿವ ವಿ.ಕೆ. ಕೃಷ್ಣ ಮೆನನ್. ಹಿಂದಿನ ವರ್ಷವಷ್ಟೇ ಮೆನನ್ ಬಗ್ಗೆ ಜಾರ್ಜ್ ಬರೆದ ಪುಸ್ತಕ ಹೊರಬಂದಿತ್ತು!

ಆಮೇಲೆ ಹಾಂಗ್‌ಕಾಂಗ್, ಅಲ್ಲಿನ ಫಾರ್ ಈಸ್ಟರ್ನ್ ಎಕನಾಮಿಕ್ ರಿವ್ಯೂ ಅನ್ನುವ ವಾರಪತ್ರಿಕೆ. 1973ರಲ್ಲಿ ಆಗಿನ ಪ್ರಧಾನಿ ಲೀ ಕುವಾನ್ ಯೂ ಅವರ ಸಿಂಗಾಪುರದ ಮೇಲೆ ಒಂದು ಪುಸ್ತಕ ಬರೆದರು. ಸಿಂಗಾಪುರದ ಸ್ವಚ್ಛ ರಸ್ತೆ ನೋಡಿ ಬೆಂಗಳೂರನ್ನೂ ಹಾಗೇ ಮಾಡುತ್ತೇವೆ ಅಂತ ನಮ್ಮ ರಾಜಕಾರಣಿಗಳು ಹೇಳುತ್ತಲೇ ಇರುತ್ತಾರಲ್ಲ, ಆ ಶಿಸ್ತಿಗೆ ಅಲ್ಲಿನ ಜನ ಏನು ಬೆಲೆ ಕೊಟ್ಟರು ಅಂತ ಇವರು ಆಗಲೇ ಕೇಳಿದ್ದರು.

1975ರಲ್ಲಿ ಪತ್ರಕರ್ತ ಮೈಕಲ್ ಓನೀಲ್ ಜೊತೆ ಸೇರಿ ಹಾಂಗ್‌ಕಾಂಗ್‌ನಲ್ಲೇ ಏಷ್ಯಾವೀಕ್ ಅನ್ನುವ ವಾರಪತ್ರಿಕೆ ಶುರು ಮಾಡಿದರು. ಸಮಯ ನೋಡಿ. ಅಮೆರಿಕ, ಸೋವಿಯತ್ ಎರಡೂ ಬಣ ಸೇರದ ಅಲಿಪ್ತ ದೇಶಗಳೂ ಆಗಲೇ ಪಾಶ್ಚಾತ್ಯ ಸುದ್ದಿ ಏಜೆನ್ಸಿಗಳ ಹಿಡಿತದಿಂದ ಬೇಸತ್ತು ತಮ್ಮದೇ ಸುದ್ದಿ ಒಕ್ಕೂಟ ಕಟ್ಟಲು ಹೊರಟಿದ್ದವು. ಅದರ ದೊಡ್ಡ ಸಭೆ 1976ರ ಜುಲೈನಲ್ಲಿ ದೆಹಲಿಯಲ್ಲೇ ನಡೆಯಿತು. ಅಂದರೆ ತುರ್ತು ಪರಿಸ್ಥಿತಿಯ ಮಧ್ಯೆ, ಇಲ್ಲಿನ ಪತ್ರಿಕೆಗಳ ಮೇಲೆ ಸೆನ್ಸಾರ್ ಕೂತಿದ್ದಾಗ, ನಮ್ಮ ಸರ್ಕಾರ ಜಗತ್ತಿಗೆ ಸುದ್ದಿಯ ನ್ಯಾಯದ ಪಾಠ ಹೇಳುತ್ತಿತ್ತು. ನಗಬೇಕೋ ಅಳಬೇಕೋ. ಸರ್ಕಾರಗಳೇ ಸೇರಿ ಸುದ್ದಿ ಹಂಚಿದರೆ ಸಿಗೋದು ಮಂತ್ರಿಗಳ ಹೇಳಿಕೆ ಅಷ್ಟೇ ಅಲ್ವಾ? ಏಷ್ಯಾದವರ ಕಣ್ಣಲ್ಲಿ ಏಷ್ಯಾ ನೋಡೋಣ, ಆದರೆ ಯಾವ ಸರ್ಕಾರದ ಹಂಗೂ ಬೇಡ ಅನ್ನುವ ಜಾರ್ಜ್ ದಾರಿಯೇ ನನಗೆ ಸರಿ ಅನ್ನಿಸುತ್ತದೆ.

ಆ ದಾರಿಗೂ ದುಡ್ಡು ಬೇಕಿತ್ತು. 1980ರ ದಶಕದಲ್ಲಿ ಏಷ್ಯಾವೀಕ್ ಅಮೆರಿಕದ ಟೈಮ್ ಸಂಸ್ಥೆಯ ಕೈಗೆ ಹೋಯಿತು. 2001ರ ಡಿಸೆಂಬರ್‌ನಲ್ಲಿ, ಜಾಹೀರಾತು ಕುಸಿದ ಹೊತ್ತಲ್ಲಿ, ಬಾಗಿಲು ಮುಚ್ಚಿತು. ಜಾರ್ಜ್ ಅಷ್ಟರಲ್ಲಿ ಬೆಂಗಳೂರಿನವರಾಗಿ ತುಂಬಾ ವರ್ಷ ಆಗಿತ್ತು.

ನನಗೆ ಇಷ್ಟವಾಗೋದು 1980ರಲ್ಲಿ ಬಂದ ಅವರ ಇನ್ನೊಂದು ಪುಸ್ತಕ. ಫಿಲಿಪ್ಪೀನ್ಸ್‌ನ ಮಿಂಡನಾವೊ ದ್ವೀಪದ ಮುಸ್ಲಿಮರ ಬಂಡಾಯದ್ದು. ಅಲ್ಲಿನ ಅಧ್ಯಕ್ಷ ಮಾರ್ಕೋಸ್ 1972ರಲ್ಲಿ ಮಾರ್ಷಲ್ ಲಾ, ಅಂದರೆ ಸೇನಾ ಕಾನೂನು, ಹೇರಿದ ಮೇಲೆ ಹೊತ್ತಿಕೊಂಡ ಬೆಂಕಿ ಅದು. 1976ರಲ್ಲಿ ಲಿಬಿಯಾದ ಟ್ರಿಪೋಲಿಯಲ್ಲಿ ಸರ್ಕಾರಕ್ಕೂ ಬಂಡುಕೋರರಿಗೂ ಒಪ್ಪಂದವಾದರೂ ಆರಲಿಲ್ಲ. ಮಿಂಡನಾವೊದ ಆ ಮುಸ್ಲಿಮರಿಗೆ ಬಾಂಗ್ಸಾಮೊರೊ ಅನ್ನುವ ಸ್ವಾಯತ್ತ ಪ್ರದೇಶ ಬಂದದ್ದು 2019ರಲ್ಲಿ. ಆ ಸುದ್ದಿ ನಮ್ಮ ಪೇಪರ್‌ನ ವಿದೇಶ ಪುಟದಲ್ಲಿ ಎಷ್ಟು ಸಾಲು ಬಂತೋ ನನಗೆ ನೆನಪಿಲ್ಲ.

ಆ ಪುಸ್ತಕ ಸಿಗುತ್ತಾ ಅಂತ ಚರ್ಚ್ ಸ್ಟ್ರೀಟ್‌ನ ಹಳೇ ಪುಸ್ತಕದ ಅಂಗಡಿಯಲ್ಲಿ ಸುಮ್ನೆ ಕೇಳಿದೆ. ಹುಡುಗ ಒಳಗೆ ಹೋಗಿ ಹುಡುಕಿ ತಂದ. ಜಾರ್ಜ್ ಅವರದ್ದೇ, ಆದರೆ ಸಿನಿಮಾ ನಟಿ ನರ್ಗಿಸ್ ಜೀವನಚರಿತ್ರೆ.