ಸಂಬಳದ ಚೀಟಿ ಇಲ್ಲದವರ ಸಾವಿಗೆ ಐದು ಲಕ್ಷವಷ್ಟೇ ಪರಿಹಾರವೇ?

ಪ್ರಶ್ನೆ: ನನ್ನ ಭಾವ ಗೂಡ್ಸ್ ಆಟೋದಲ್ಲಿ ಹಳ್ಳಿಹಳ್ಳಿಗೆ ಹೋಗಿ ತರಕಾರಿ ಮಾರುತ್ತಿದ್ದರು. ಎರಡು ತಿಂಗಳ ಹಿಂದೆ ಬೆಳಗಿನ ಜಾವ ಮಂಡಿಯಿಂದ ಬರುವಾಗ ಲಾರಿಯೊಂದು ಹಿಂದಿನಿಂದ ಗುದ್ದಿದ್ದರಿಂದ ಸ್ಥಳದಲ್ಲೇ ತೀರಿಕೊಂಡರು. ಮನೆಯಲ್ಲಿ ಅಕ್ಕ, ಶಾಲೆಗೆ ಹೋಗುವ ಇಬ್ಬರು ಮಕ್ಕಳು ಮತ್ತು ಭಾವನ ತಾಯಿ ಇದ್ದಾರೆ. ಆದಾಯಕ್ಕೆ ದಾಖಲೆ ಇಲ್ಲದವರಿಗೆ ಐದು ಲಕ್ಷ ರೂಪಾಯಿಗಿಂತ ಹೆಚ್ಚು ಸಿಗುವುದಿಲ್ಲ, ಬೇಗ ಒಪ್ಪಿಕೊಳ್ಳಿ ಎಂದು ಲಾರಿ ಕಡೆಯವರು ಹೇಳಿ ಕಳಿಸುತ್ತಿದ್ದಾರೆ. ಇದು ನಿಜವೇ?

ಉತ್ತರ: ನಿಜವಲ್ಲ. ಐದು ಲಕ್ಷವೆಂಬ ಮೊತ್ತ ಬಂದಿರುವುದು ಮೋಟಾರು ವಾಹನ ಕಾಯ್ದೆಯ 164ನೇ ಕಲಮಿನಿಂದ. ತಪ್ಪು ಯಾರದೆಂದು ಸಾಬೀತು ಮಾಡುವ ಗೋಜಿಲ್ಲದೆ ಸಾವಿಗೆ ಕೊಡುವ ನಿಗದಿತ ಮೊತ್ತ ಅದು; ಮೃತರ ಆದಾಯಕ್ಕೂ ಅದಕ್ಕೂ ಸಂಬಂಧವಿಲ್ಲ. ಲಾರಿ ಚಾಲಕನ ಅಜಾಗರೂಕತೆಯಿಂದಲೇ ಸಾವು ಸಂಭವಿಸಿತೆಂದು ತೋರಿಸಲು ಸಾಧ್ಯವಿರುವವರು 166ನೇ ಕಲಮಿನಡಿ ಮೋಟಾರು ಅಪಘಾತ ಪರಿಹಾರ ನ್ಯಾಯಮಂಡಳಿಗೆ ಅರ್ಜಿ ಹಾಕಬಹುದು, ಅಲ್ಲಿ ಇಂತಿಷ್ಟೇ ಎಂಬ ಮಿತಿಯಿಲ್ಲ. ಆದರೆ 164ರ ಹಣವನ್ನು ವಿಮಾ ಕಂಪನಿಯ ಇತ್ಯರ್ಥ ಕ್ರಮದಲ್ಲಿ ಒಪ್ಪಿ ಪಡೆದುಕೊಂಡರೆ ನ್ಯಾಯಮಂಡಳಿಯ ಮುಂದಿನ ಅರ್ಜಿ ಅಲ್ಲಿಗೇ ರದ್ದಾಗುತ್ತದೆ. ಬೇಗ ಒಪ್ಪಿಕೊಳ್ಳಿ ಎಂಬ ಅವಸರವನ್ನು ಈ ಹಿನ್ನೆಲೆಯಲ್ಲಿ ನೋಡಬೇಕು.

ಇನ್ನು ಆದಾಯದ ಮಾತು. ಸಂಬಳದ ಚೀಟಿ ಇಲ್ಲವೆಂದ ಮಾತ್ರಕ್ಕೆ ದುಡಿಮೆ ಇರಲಿಲ್ಲವೆಂದು ಯಾವ ನ್ಯಾಯಮಂಡಳಿಯೂ ಹೇಳುವುದಿಲ್ಲ. ಮಂಡಿಯ ರಸೀದಿಗಳು, ಫೋನ್‌ಪೇ ಅಥವಾ ಗೂಗಲ್‌ಪೇ ಮೂಲಕ ಬಂದ ಹಣ ಕಾಣುವ ಬ್ಯಾಂಕ್ ವಿವರ, ಆಟೋ ಸಾಲದ ಕಂತು ಕಟ್ಟಿದ ದಾಖಲೆ, ದಿನಕ್ಕೆ ನೂರೋ ಇನ್ನೂರೋ ಕಟ್ಟಿಸಿಕೊಂಡು ಏಜೆಂಟ್ ಸಹಿ ಹಾಕಿದ ಪಿಗ್ಮಿ ಪುಸ್ತಕ, ಇವೆಲ್ಲ ಸಾಕ್ಷ್ಯವೇ. ಯಾವುದೂ ಸಿಗದಿದ್ದಾಗ ಕಾಲ್ಪನಿಕ ಆದಾಯವನ್ನು ಹಿಡಿಯುತ್ತಾರೆ. ಕರ್ನಾಟಕದಲ್ಲಿ ಇದಕ್ಕಾಗಿ ರಾಜ್ಯ ಕಾನೂನು ಸೇವೆಗಳ ಪ್ರಾಧಿಕಾರವು ಲೋಕ ಅದಾಲತ್‌ಗಳ ಬಳಕೆಗೆ ಸಿದ್ಧಪಡಿಸಿರುವ, ಅಪಘಾತ ನಡೆದ ವರ್ಷಕ್ಕೆ ತಕ್ಕಂತೆ ತಿಂಗಳ ಆದಾಯ ಸೂಚಿಸುವ ಪಟ್ಟಿಯನ್ನು ನ್ಯಾಯಾಲಯಗಳೂ ಆಧಾರವಾಗಿಟ್ಟುಕೊಳ್ಳುತ್ತವೆ.

ಲೆಕ್ಕದ ಕ್ರಮವನ್ನು ಸುಪ್ರೀಂ ಕೋರ್ಟ್ 2009ರ ಸರಳಾ ವರ್ಮಾ ಮತ್ತು 2017ರ ಪ್ರಣಯ್ ಸೇಥಿ ಪ್ರಕರಣಗಳಲ್ಲಿ ನಿಗದಿ ಮಾಡಿದೆ. ನಿಮ್ಮ ಭಾವನಿಗೆ 39 ವರ್ಷವಾಗಿತ್ತು, ತಿಂಗಳಿಗೆ 15,000 ರೂಪಾಯಿ ದುಡಿಯುತ್ತಿದ್ದರು ಎಂದಿಟ್ಟುಕೊಳ್ಳಿ. ಸ್ವಂತ ದುಡಿಮೆಯವರು 40 ವರ್ಷದೊಳಗಿದ್ದರೆ ಮುಂದೆ ಹೆಚ್ಚಬಹುದಾಗಿದ್ದ ಆದಾಯವೆಂದು ಶೇ. 40 ಸೇರಿಸಬೇಕು, 21,000 ಆಯಿತು. ನಾಲ್ವರು ಅವಲಂಬಿತರಿರುವುದರಿಂದ ಮೃತರ ಸ್ವಂತ ಖರ್ಚಿಗೆಂದು ನಾಲ್ಕನೇ ಒಂದು ಭಾಗ ಕಳೆದರೆ 15,750, ವರ್ಷಕ್ಕೆ 1,89,000. ಇದನ್ನು 36ರಿಂದ 40ರ ವಯಸ್ಸಿಗೆ ಗೊತ್ತುಪಡಿಸಿದ ಗುಣಕ 15ರಿಂದ ಗುಣಿಸಿದರೆ 28,35,000 ರೂಪಾಯಿ. ಜೊತೆಗೆ ಸಾಂಗತ್ಯ ನಷ್ಟಕ್ಕೆ, ಅಂದರೆ ಮೃತರ ಪ್ರೀತಿ, ಆಸರೆ ಇಲ್ಲವಾದದ್ದಕ್ಕೆ, ತಲಾ 40,000 ಇದ್ದದ್ದು ಮೂರು ವರ್ಷಕ್ಕೊಮ್ಮೆ ಶೇ. 10ರ ಎರಡು ಏರಿಕೆಗಳ ನಂತರ 48,400 ಆಗಿದ್ದು, ಇದು ಹೆಂಡತಿಗಷ್ಟೇ ಅಲ್ಲ, ಮಕ್ಕಳಿಗೂ ತಾಯಿಗೂ ಪ್ರತ್ಯೇಕವಾಗಿ ಸಿಗುತ್ತದೆ. ಅಂತ್ಯಸಂಸ್ಕಾರ ಮತ್ತು ಆಸ್ತಿ ನಷ್ಟದ (ಮೃತರು ಬದುಕಿದ್ದರೆ ವಾರಸುದಾರರಿಗೆ ಉಳಿಸಿಡಬಹುದಾಗಿದ್ದದ್ದು) ಬಾಬ್ತು ತಲಾ 18,150 ಸೇರಿ ಒಟ್ಟು 30,64,900 ರೂಪಾಯಿ, ಅದರ ಮೇಲೆ ಬಡ್ಡಿ. ಐದು ಲಕ್ಷಕ್ಕೆ ಇದನ್ನು ಹೋಲಿಸಿ ನೋಡಿ.

ವಯಸ್ಸಿನ ದಾಖಲೆಯ ಬಗ್ಗೆ ಒಂದು ಎಚ್ಚರ. ಹುಟ್ಟಿದ ದಿನ ಗೊತ್ತಿಲ್ಲದವರ ಆಧಾರ್ ಕಾರ್ಡಿನಲ್ಲಿ ಜನವರಿ 1 ಎಂದು ಅಂದಾಜಿನ ಮೇಲೆ ಬರೆಸಿರುವುದು ನಮ್ಮಲ್ಲಿ ಮಾಮೂಲು. ಆ ಅಂದಾಜಿನಲ್ಲಿ ವಯಸ್ಸು 41 ಎಂದಾಗಿಬಿಟ್ಟರೆ ಸೇರ್ಪಡೆ ಶೇ. 25ಕ್ಕೂ ಗುಣಕ 14ಕ್ಕೂ ಇಳಿದು, ಮೇಲಿನ 28,35,000 ರೂಪಾಯಿ 23,62,500 ಆಗುತ್ತದೆ. ಎರಡು ವರ್ಷದ ವ್ಯತ್ಯಾಸಕ್ಕೆ 4,72,500 ರೂಪಾಯಿ ಹೋಯಿತು. ಆಧಾರ್ ಹುಟ್ಟಿದ ದಿನಾಂಕಕ್ಕೆ ಪುರಾವೆಯಲ್ಲವೆಂದು ಹೇಳಿ ಶಾಲೆಯ ವರ್ಗಾವಣೆ ಪತ್ರವನ್ನು ಸುಪ್ರೀಂ ಕೋರ್ಟ್ 2024ರಲ್ಲಿ ಎತ್ತಿಹಿಡಿದಿದೆ. ಆದ್ದರಿಂದ ಭಾವ ಮೂರನೇ ಕ್ಲಾಸಿಗೇ ಶಾಲೆ ಬಿಟ್ಟಿದ್ದರೂ ಆ ಶಾಲೆಗೆ ಹೋಗಿ ದಾಖಲಾತಿ ವಹಿಯ ನಕಲು ಕೇಳಿ.

ಅರ್ಜಿಯನ್ನು ಅಪಘಾತವಾದ ಊರಿನಲ್ಲೇ ಹಾಕಬೇಕೆಂದಿಲ್ಲ, ನಿಮ್ಮ ಅಕ್ಕ ವಾಸವಿರುವ ಸ್ಥಳದ ವ್ಯಾಪ್ತಿಯಲ್ಲೂ ಹಾಕಬಹುದು. ಎಫ್‌ಐಆರ್, ಸ್ಥಳ ಮಹಜರು, ನಕ್ಷೆ, ಶವಪರೀಕ್ಷೆಯ ವರದಿ ಮತ್ತು ದೋಷಾರೋಪಣ ಪಟ್ಟಿಯ ನಕಲುಗಳನ್ನು ಪೊಲೀಸ್ ಠಾಣೆಯಿಂದ ಪಡೆಯಿರಿ. ಚಾಲಕನ ಮೇಲಿನ ಕ್ರಿಮಿನಲ್ ಮೊಕದ್ದಮೆ ಬೇರೆ, ಅದರ ತೀರ್ಪಿಗೆ ಕಾಯಬೇಕಿಲ್ಲ. 2022ರ ಏಪ್ರಿಲ್‌ನಿಂದ ಅರ್ಜಿಗೆ ಆರು ತಿಂಗಳ ಗಡುವು ಜಾರಿಯಲ್ಲಿದೆ. ಗಡುವು ಮೀರಿದೆಯೆಂಬ ಕಾರಣಕ್ಕೆ ಅರ್ಜಿಗಳನ್ನು ವಜಾ ಮಾಡಬಾರದೆಂದು ಸುಪ್ರೀಂ ಕೋರ್ಟ್ 2025ರ ನವೆಂಬರಿನಲ್ಲಿ ಹೇಳಿದ್ದರೂ ಅದು ಮಧ್ಯಂತರ ಆದೇಶವಾದ್ದರಿಂದ, ಉಳಿದಿರುವ ನಾಲ್ಕು ತಿಂಗಳೊಳಗೇ ಅರ್ಜಿ ಹಾಕುವುದು ಕ್ಷೇಮ.

ಬಂದ ಹಣದಲ್ಲಿ ಇಷ್ಟು ಪಾಲು ಕೊಡಿ ಎಂದು ಕೇಳುವುದು ವಕೀಲರ ಪರಿಷತ್ತಿನ ನಿಯಮಕ್ಕೆ ವಿರುದ್ಧ, ಆದರೂ ಕೇಳುವವರಿದ್ದಾರೆ. ಮಹಿಳೆಯಾದ್ದರಿಂದ ನಿಮ್ಮ ಅಕ್ಕನಿಗೆ ಆದಾಯ ಎಷ್ಟೇ ಇರಲಿ, ಜಿಲ್ಲಾ ಕಾನೂನು ಸೇವೆಗಳ ಪ್ರಾಧಿಕಾರದಿಂದ ಉಚಿತ ವಕೀಲರು ದೊರೆಯುತ್ತಾರೆ. ಮುಂದೆ ಪ್ರಕರಣ ಲೋಕ ಅದಾಲತ್‌ಗೆ ಬಂದರೆ ಹಣ ಬೇಗ ಕೈಸೇರಬಹುದು, ಆದರೆ ಅಲ್ಲಿನ ರಾಜಿಯ ಮೇಲೆ ಮೇಲ್ಮನವಿ ಇರುವುದಿಲ್ಲ. ನಿಮ್ಮ ಅಕ್ಕ ಮೇಲಿನ ಲೆಕ್ಕವನ್ನು ಒಂದು ಹಾಳೆಯಲ್ಲಿ ಬರೆದುಕೊಂಡೇ ಅಲ್ಲಿಗೆ ಹೋಗಲಿ.